ಅಕ್ಕನ ಫೈಲು ಮತ್ತು ಸರ್ಕಾರದ ಗಡಿಯಾರ: ತಡವಾಗಿ ಕೋರ್ಟಿಗೆ ಹೋದವರ ಇತಿಹಾಸ

ಭಾಗ 1/9
ಫೋಟೋದಲ್ಲಿರೋ ನೀಲಿ ಫೈಲು ನಮ್ಮ ದೊಡ್ಡಪ್ಪನ ಮಗಳದ್ದು. ನಾನು ಅಕ್ಕ ಅಂತೀನಿ. ಹೋದ ತಿಂಗಳು ಹಬ್ಬಕ್ಕೆ ಮನೆ ಕ್ಲೀನ್ ಮಾಡುವಾಗ ಅಟ್ಟದ ಮೇಲೆ ಸಿಕ್ತು. ಒಳಗೆ ಒಂದು ಆಯ್ಕೆ ಪಟ್ಟಿ, ಐದು ಮನವಿ ಪತ್ರ, ಐದಕ್ಕೂ ಸೀಲು ಹಾಕಿಸಿಕೊಂಡ ಸ್ವೀಕೃತಿ, ಕೊನೆಗೆ ಎರಡು ಪುಟದ ಒಂದು ಆದೇಶ.

ಕಥೆ ಇಷ್ಟು. ನಾನಿನ್ನೂ ಪ್ರೈಮರಿ ಸ್ಕೂಲಲ್ಲಿದ್ದಾಗ ಅಕ್ಕ ಒಂದು ಸರ್ಕಾರಿ ಗುಮಾಸ್ತೆ ಹುದ್ದೆಗೆ ಪರೀಕ್ಷೆ ಬರೆದಿದ್ಲು. ಗ್ರಾಮೀಣ ಮೀಸಲಾತಿಯ ಕಟ್ ಆಫ್‌ಗಿಂತ ಅವಳ ಅಂಕ ಜಾಸ್ತಿನೇ ಇತ್ತು. ಆದ್ರೆ ಅವಳ ಗ್ರಾಮೀಣ ಪ್ರಮಾಣಪತ್ರದ ನಮೂನೆ ಸರಿ ಇಲ್ಲ ಅಂತ ಪಟ್ಟಿಯಿಂದ ಕೈಬಿಟ್ರು. ಅಕ್ಕ ಕಚೇರಿಗೆ ಮನವಿ ಕೊಟ್ಲು. ಉತ್ತರ ಬರ್ಲಿಲ್ಲ. ಮತ್ತೆ ಕೊಟ್ಲು. "ಪರಿಶೀಲನೆಯಲ್ಲಿದೆ ಅಂದ್ರು" ಅಂತ ಮನೆಗೆ ಬಂದು ಹೇಳೋಳು. ಹೀಗೇ ಮೂರು ವರ್ಷ ಹೋಯ್ತು. ಆಮೇಲೆ ಕೇಸ್ ಹಾಕಿದ್ಲು. ಪ್ರಮಾಣಪತ್ರ ಸರಿ ಇದೆಯೋ ಇಲ್ವೋ ಅನ್ನೋದನ್ನ ಯಾರೂ ನೋಡ್ಲೇ ಇಲ್ಲ. "ತಡವಾಗಿ ಬಂದಿದ್ದೀರಿ" ಅಂತ ಅರ್ಜಿ ವಜಾ ಆಯ್ತು.

ಅದೇ ಪಟ್ಟಿಯಲ್ಲಿ ಅದೇ ಕಾರಣಕ್ಕೆ ಕೈಬಿಟ್ಟಿದ್ದ ಇನ್ನೊಬ್ಬರು ಎರಡೇ ತಿಂಗಳಲ್ಲಿ ಕೇಸ್ ಹಾಕಿ ಗೆದ್ದಿದ್ರು. ಅವರ ಮೇಲೆ ಕಚೇರಿಯವರು ಮೇಲ್ಮನವಿ ಹೋದಾಗ ಒಂದು ವರ್ಷಕ್ಕಿಂತ ಹೆಚ್ಚು ತಡವಾಗಿತ್ತು. ಆ ತಡವನ್ನ ಕೋರ್ಟು ಮನ್ನಾ ಮಾಡಿತ್ತು.

ಒಬ್ಬರ ತಡಕ್ಕೆ ಬಾಗಿಲು ಮುಚ್ಚಿತು, ಇನ್ನೊಬ್ಬರ ತಡಕ್ಕೆ ತೆರೀತು. ಯಾಕೆ? ಇದನ್ನ ಹುಡುಕ್ತಾ ಹೋದಾಗ ಸಿಕ್ಕಿದ್ದನ್ನ ಒಂಬತ್ತು ಪೋಸ್ಟ್‌ಗಳಲ್ಲಿ ಬರೀತಿದ್ದೀನಿ. ನಾನು ಬಿಕಾಂ ಓದ್ತಿರೋನು, ಲಾಯರ್ ಅಲ್ಲ. ಆದ್ರೆ ನಮ್ಮ ಕ್ಲಾಸಲ್ಲೇ ಅರ್ಧ ಜನ ಸರ್ಕಾರಿ ಪರೀಕ್ಷೆಗೆ ಓದ್ತಿದ್ದೀರಲ್ಲ, ಅದಕ್ಕೇ.

ಭಾಗ 2/9
ಫೋಟೋ: ಬೆಂಗಳೂರಿನ ಅಠಾರಾ ಕಚೇರಿ, ಅಂದ್ರೆ ನಮ್ಮ ಹೈಕೋರ್ಟಿನ ಕೆಂಪು ಕಟ್ಟಡ.

ಮೊದಲು ಸರ್ಕಾರಿ ನೌಕರಿ ಬಗ್ಗೆ ತಕರಾರಿದ್ರೆ ಜನ ಹೈಕೋರ್ಟಿಗೆ ಹೋಗ್ತಿದ್ರು. ಕೇಸುಗಳು ರಾಶಿ ಬಿದ್ದವು. 1976ರಲ್ಲಿ ಸಂವಿಧಾನದ 42ನೇ ತಿದ್ದುಪಡಿ ಬಂತು. ಅದರಲ್ಲಿ 323ಎ ಅನ್ನೋ ಹೊಸ ವಿಧಿ ಸೇರಿತು. ನೇಮಕಾತಿ ಮತ್ತು ಸೇವಾ ವಿವಾದಗಳಿಗೆ ಬೇರೆ ನ್ಯಾಯಮಂಡಳಿ ಮಾಡಬಹುದು ಅನ್ನೋದು ಅದರ ಸಾರ. 1985ರಲ್ಲಿ ಆಡಳಿತ ನ್ಯಾಯಮಂಡಳಿಗಳ ಕಾಯ್ದೆ ಬಂತು. 1986ರಲ್ಲಿ ಕರ್ನಾಟಕ ಆಡಳಿತ ನ್ಯಾಯಮಂಡಳಿ ಶುರುವಾಯ್ತು. ಪೇಪರಲ್ಲಿ "ಕೆಎಟಿ" ಅಂತ ಬರುತ್ತಲ್ಲ, ಅದೇ ಇದು. ಕೆಪಿಎಸ್‌ಸಿ ನೇಮಕಾತಿ ತಕರಾರುಗಳು ಮೊದಲು ಹೋಗೋದು ಅಲ್ಲಿಗೇ. ಈಗ ಬೆಂಗಳೂರಲ್ಲದೆ ಬೆಳಗಾವಿ, ಕಲಬುರಗಿಯಲ್ಲೂ ಅದರ ಪೀಠಗಳಿವೆ.

ಉದ್ದೇಶ ಏನು ಅಂದ್ರೆ ಬೇಗ ತೀರ್ಮಾನ. ಅದಕ್ಕೇ ಕಾಯ್ದೆಯ 21ನೇ ಕಲಂನಲ್ಲಿ ಒಂದು ಗಡಿಯಾರ ಇಟ್ರು. ಅಂತಿಮ ಆದೇಶ ಬಂದ ದಿನದಿಂದ 1 ವರ್ಷದೊಳಗೆ ಅರ್ಜಿ ಹಾಕಬೇಕು. ತಡವಾದ್ರೆ "ಸಾಕಷ್ಟು ಕಾರಣ" ತೋರಿಸಿ ಮನ್ನಾ ಕೇಳಬೇಕು.

ಮೊದಮೊದಲು ಕೆಎಟಿಯಲ್ಲಿ ಸೋತ್ರೆ ನೇರವಾಗಿ ಸುಪ್ರೀಂ ಕೋರ್ಟ್ ಒಂದೇ ದಾರಿ. ಹಳ್ಳಿಯಿಂದ ಬಂದವರು ದಿಲ್ಲಿಗೆ ಎಲ್ಲಿ ಹೋಗ್ತಾರೆ ಹೇಳಿ. 1997ರ ಮಾರ್ಚ್‌ನಲ್ಲಿ ಸುಪ್ರೀಂ ಕೋರ್ಟಿನ 7 ನ್ಯಾಯಮೂರ್ತಿಗಳ ಪೀಠ ಇದನ್ನ ಬದಲಿಸ್ತು. ಹೈಕೋರ್ಟಿನ ಅಧಿಕಾರವನ್ನ ಕಿತ್ತುಕೊಳ್ಳೋ ಹಾಗಿಲ್ಲ, ನ್ಯಾಯಮಂಡಳಿ ತೀರ್ಪಿನ ಮೇಲೆ ಹೈಕೋರ್ಟಿನ ವಿಭಾಗೀಯ ಪೀಠಕ್ಕೆ ಹೋಗಬಹುದು ಅಂತು. ಇದು ಅಭ್ಯರ್ಥಿಗೆ ಒಳ್ಳೇದೇ ಆಯ್ತು. ಆದ್ರೆ ಬೇಗ ಮುಗಿಸೋಕೆ ಅಂತ ಮಾಡಿದ್ದ ದಾರಿಗೆ ಇನ್ನೊಂದು ಮೆಟ್ಟಿಲು ಸೇರಿತು. ಕೆಎಟಿ, ಹೈಕೋರ್ಟ್, ಸುಪ್ರೀಂ ಕೋರ್ಟ್, ಒಟ್ಟು ಮೂರು. ಮೂರೂ ಕಡೆ ಒಂದೊಂದು ಗಡಿಯಾರ.

ಭಾಗ 3/9
ಫೋಟೋ: ನಮ್ಮೂರ ಜಿಲ್ಲಾ ಗ್ರಂಥಾಲಯ, ಬೆಳಿಗ್ಗೆ 8 ಗಂಟೆ. ಸೀಟು ಹಿಡಿಯೋಕೆ ಬ್ಯಾಗ್ ಇಟ್ಟಿರೋದು ನೋಡಿ.

ಕೋರ್ಟು ತಡ ಅಂದ್ರೆ ಯಾಕೆ ಸಿಟ್ಟಾಗುತ್ತೆ? ಅಕ್ಕನ ಮೇಲಿನ ಪ್ರೀತಿಯಿಂದ ನನಗೂ ಮೊದಲು ಇದು ಅನ್ಯಾಯ ಅಂತಲೇ ಅನ್ಸಿತ್ತು. ಓದಿದ ಮೇಲೆ ಅದಕ್ಕೂ ಒಂದು ಕಾರಣ ಇದೆ ಅಂತ ಗೊತ್ತಾಯ್ತು.

1974ರಲ್ಲಿ ತಮಿಳುನಾಡಿನ ಒಂದು ಕೇಸು ಸುಪ್ರೀಂ ಕೋರ್ಟಿಗೆ ಬಂತು. ತನಗಿಂತ ಕಿರಿಯರಿಗೆ ಬಡ್ತಿ ಕೊಟ್ರು ಅಂತ ಒಬ್ಬ ಅಧಿಕಾರಿ 14 ವರ್ಷ ಆದ್ಮೇಲೆ ಕೇಸ್ ಹಾಕಿದ್ರು. ಕೋರ್ಟು ಹೇಳಿದ್ದು ಹೀಗೆ: ಇಂಥ ತಕರಾರಿದ್ದವರು 6 ತಿಂಗಳಲ್ಲಿ, ಹೆಚ್ಚೆಂದ್ರೆ 1 ವರ್ಷದಲ್ಲಿ ಬರಬೇಕು. ರಿಟ್ ಅರ್ಜಿಗೆ ಕಾನೂನಲ್ಲಿ ಇಷ್ಟೇ ದಿನ ಅಂತ ಕಾಲಮಿತಿ ಇಲ್ಲ, ನಿಜ. ಆದ್ರೂ ಇತ್ಯರ್ಥವಾದ ವಿಷಯವನ್ನ ಅಷ್ಟು ವರ್ಷದ ನಂತರ ಕೆದಕೋಕೆ ಕೋರ್ಟು ಕೈ ಹಾಕಲ್ಲ.

ಯೋಚಿಸಿ ನೋಡಿ. ಒಂದು ಪಟ್ಟಿಯಲ್ಲಿ 300 ಜನ ಸೇರಿದ್ದಾರೆ. ಅವರಲ್ಲಿ ಹೆಚ್ಚಿನವರು ಓದಿ ಪಾಸಾದವರು. ಮದುವೆ ಆಗಿದೆ, ಮನೆ ಸಾಲ ತಗೊಂಡಿದ್ದಾರೆ, ಎರಡು ಸಲ ವರ್ಗಾವಣೆ ಆಗಿದೆ. ಆಗ ಒಬ್ಬರು ಬಂದು "ಆ ಸೀಟು ನಂದು" ಅಂದ್ರೆ ಯಾರನ್ನ ಎಬ್ಬಿಸೋದು? ಲೈಬ್ರರಿ ಸೀಟಿನ ಜಗಳವೇ ಬೆಳಿಗ್ಗೆ 8ಕ್ಕೆ ಬಗೆಹರಿದಷ್ಟು ಸುಲಭವಾಗಿ ಮಧ್ಯಾಹ್ನ 3ಕ್ಕೆ ಬಗೆಹರಿಯಲ್ಲ.

ಹಾಗಾಗಿ ಗಡಿಯಾರ ಇರೋದು ತಪ್ಪಲ್ಲ ಅನ್ನೋದನ್ನ ನಾನು ಒಪ್ತೀನಿ. ನನ್ನ ಪ್ರಶ್ನೆ ಬೇರೆ. ಅದು ಎಲ್ರಿಗೂ ಒಂದೇ ಥರ ಓಡುತ್ತಾ?

ಭಾಗ 4/9
ಫೋಟೋ ಇಲ್ಲ, ಬರೀ ಬರಹ. ಈ ಕೇಸು ವಾರಾಣಸಿದು.

1987. ಅಲ್ಲಿನ ಮುಖ್ಯ ವೈದ್ಯಾಧಿಕಾರಿ ಕಚೇರಿ ಹೋಮಿಯೋಪಥಿ ಕಾಂಪೌಂಡರ್ ಮತ್ತು ವಾರ್ಡ್ ಬಾಯ್ ಹುದ್ದೆಗಳಿಗೆ ಆಯ್ಕೆ ಮಾಡ್ತು. ನೇಮಕಾತಿ ಪತ್ರವೂ ಹೋಯ್ತು. ಕೆಲಸಕ್ಕೆ ಸೇರೋ ಮೊದಲೇ, ಜೂನ್‌ನಲ್ಲಿ, ಎಲ್ಲವೂ ರದ್ದು ಅಂತ ಆದೇಶ ಬಂತು. ಕೆಲವರು ತಕ್ಷಣ ಕಾನೂನು ಹೋರಾಟಕ್ಕಿಳಿದ್ರು. ವರ್ಷಗಟ್ಟಲೆ ಹೋರಾಡಿ ಗೆದ್ರು.

ಉಳಿದವರು ಕಾದು ನೋಡಿದ್ರು. ಅವರು ಗೆದ್ದ ಮೇಲೆ, ರದ್ದಾಗಿ ಸುಮಾರು 9 ವರ್ಷದ ನಂತರ, "ನಮ್ಮದೂ ಅದೇ ಕೇಸು, ನಮಗೂ ಅದೇ ನ್ಯಾಯ ಕೊಡಿ" ಅಂತ ಬಂದ್ರು. ಕೇಳೋಕೆ ಸರಿ ಅನ್ಸುತ್ತೆ ಅಲ್ವಾ?

2014ರ ಅಕ್ಟೋಬರ್‌ನಲ್ಲಿ ಸುಪ್ರೀಂ ಕೋರ್ಟ್ ಕೊಡಕ್ಕಾಗಲ್ಲ ಅಂತು. ಸಾಮಾನ್ಯವಾಗಿ ಒಬ್ಬ ನೌಕರನಿಗೆ ಸಿಕ್ಕ ಪರಿಹಾರ ಅದೇ ಸ್ಥಿತಿಯಲ್ಲಿರೋ ಎಲ್ಲರಿಗೂ ಸಿಗಬೇಕು. ಆದ್ರೆ ತಮಗಾದ ಅನ್ಯಾಯವನ್ನ ಒಪ್ಪಿಕೊಂಡು ಸುಮ್ಮನಿದ್ದು, ಬೇರೆಯವರು ಗೆದ್ದ ಮೇಲೆ ಎದ್ದು ಬಂದವರಿಗೆ ಅದು ತಾನಾಗೇ ಸಿಗಲ್ಲ. ಇಂಥವರಿಗೆ ಕೋರ್ಟು ಬಳಸೋ ಮಾತಿನ ಅರ್ಥ ಬೇಲಿ ಮೇಲೆ ಕೂತು ನೋಡ್ತಿದ್ದವರು ಅಂತ. ಒಂದೇ ವಿನಾಯ್ತಿ ಏನಂದ್ರೆ, ಆ ತೀರ್ಪು ಎಲ್ಲರಿಗೂ ಅನ್ವಯ ಅಂತ ಕೋರ್ಟೇ ಹೇಳಿದ್ರೆ, ಅಥವಾ ಅದರ ಸ್ವರೂಪದಿಂದ ಹಾಗೆ ಕಂಡ್ರೆ, ಆಗ ಕಚೇರಿಯೇ ಮುಂದಾಗಿ ಎಲ್ಲರಿಗೂ ಕೊಡಬೇಕು.

ಇದನ್ನ ಓದಿದಾಗ ಅಕ್ಕನ ಮುಖ ಕಣ್ಮುಂದೆ ಬಂತು. "ಅವರು ಗೆದ್ರೆ ನಮಗೂ ಆಗುತ್ತೆ ಬಿಡಪ್ಪ" ಅಂತ ಅವಳು ದೊಡ್ಡಪ್ಪಂಗೆ ಹೇಳ್ತಿದ್ದಿದ್ದು ನನಗೆ ಚೆನ್ನಾಗಿ ನೆನಪಿದೆ. ಅವಳು ಸೋಮಾರಿ ಆಗಿರ್ಲಿಲ್ಲ. ಲಾಯರ್ ಫೀಸು ಕೇಳಿದ ಮೇಲೆ ಆ ವರ್ಷದ ಅಡಿಕೆ ದುಡ್ಡು ತಂಗಿ ಮದುವೆಗೆ ಬೇಕು ಅಂತ ತಾನೇ ಹಿಂದೆ ಸರಿದಿದ್ಲು. ಬೇಲಿ ಮೇಲೆ ಯಾರು ಯಾಕೆ ಕೂತಿರ್ತಾರೆ ಅನ್ನೋದು ಆದೇಶದಲ್ಲಿ ಬರಲ್ಲ.

ಭಾಗ 5/9
ಫೋಟೋ: ಅಕ್ಕನ ಐದು ಸ್ವೀಕೃತಿಗಳು. ಐದೂ ಸೀಲು ಸ್ಪಷ್ಟವಾಗಿದೆ.

ದಯವಿಟ್ಟು ಈ ಭಾಗ ಬಿಡಬೇಡಿ. ನಮ್ಮಲ್ಲಿ ಹೆಚ್ಚಿನವರು ಬೀಳೋದು ಇಲ್ಲೇ.

ಮನವಿ ಕೊಟ್ರೆ ಗಡಿಯಾರ ನಿಲ್ಲುತ್ತೆ ಅಂತ ನಾವೆಲ್ಲ ಅಂದ್ಕೊಂಡಿದ್ದೀವಿ. ನಿಲ್ಲಲ್ಲ. ನಿಯಮದಲ್ಲೇ ಅವಕಾಶ ಇರೋ ಮೇಲ್ಮನವಿಯನ್ನೋ ಮನವಿಯನ್ನೋ ಕೊಟ್ಟು, 6 ತಿಂಗಳಾದ್ರೂ ಉತ್ತರ ಬರದಿದ್ರೆ, ಆ 6 ತಿಂಗಳು ಮುಗಿದ ದಿನದಿಂದ 1 ವರ್ಷದೊಳಗೆ ನ್ಯಾಯಮಂಡಳಿಗೆ ಹೋಗಬೇಕು. ಲೆಕ್ಕ ಅಷ್ಟೇ. 1989ರಲ್ಲಿ ಸುಪ್ರೀಂ ಕೋರ್ಟಿನ 7 ನ್ಯಾಯಮೂರ್ತಿಗಳು ಇದನ್ನ ಸ್ಪಷ್ಟ ಮಾಡಿದ್ರು: ನಿಯಮದಲ್ಲಿ ಇಲ್ಲದ ಮನವಿಗಳನ್ನ ಮತ್ತೆ ಮತ್ತೆ ಕೊಡ್ತಾ ಹೋದ್ರೆ ಕಾಲಮಿತಿ ಹಿಗ್ಗಲ್ಲ.

2008ರ ಇನ್ನೊಂದು ಕೇಸಲ್ಲಿ, ಕೆಲಸದಿಂದ ತೆಗೆದು 18 ವರ್ಷ ಆದ್ಮೇಲೆ ಒಬ್ಬರು ಮನವಿ ಕೊಟ್ಟಿದ್ರು. ಇಂಥ ಕೇಸುಗಳಲ್ಲಿ ನಡೆಯೋದನ್ನ ಸುಪ್ರೀಂ ಕೋರ್ಟ್ ಬಿಡಿಸಿ ಹೇಳ್ತು. ಮೊದಲು "ನನ್ನ ಮನವಿ ಪರಿಶೀಲಿಸೋಕೆ ಹೇಳಿ" ಅಂತ ಕೋರ್ಟಿಗೆ ಬರ್ತಾರೆ. ಇದರಲ್ಲೇನು ತಪ್ಪು ಅಂತ ಕೋರ್ಟು "ಪರಿಶೀಲಿಸಿ" ಅಂತ ಆದೇಶ ಮಾಡುತ್ತೆ. ಕಚೇರಿ ತಿರಸ್ಕರಿಸುತ್ತೆ. ಆಗ ಆ ಹೊಸ ತಿರಸ್ಕಾರವನ್ನೇ ಹಿಡ್ಕೊಂಡು ಹೊಸ ಕೇಸು. ಸತ್ತುಹೋದ ತಕರಾರಿಗೆ ಹೀಗೆ ಜೀವ ಬರಲ್ಲ ಅಂತ ಹೇಳ್ತು.

ಕಚೇರಿ ಕೌಂಟರಲ್ಲಿ "ಮನವಿ ಕೊಟ್ಟು ಹೋಗಿ, ನೋಡೋಣ" ಅನ್ನೋ ಒಂದು ಮಾತಿಗೆ ಎಷ್ಟು ಬೆಲೆ ತೆರಬೇಕಾಗುತ್ತೆ ಅಂತ ಆ ಗುಮಾಸ್ತರಿಗೂ ಗೊತ್ತಿರಲ್ಲ, ನಮಗೂ ಗೊತ್ತಿರಲ್ಲ. ಅಕ್ಕ ಐದು ಸ್ವೀಕೃತಿಯನ್ನ ತನ್ನ ಸಾಕ್ಷಿ ಅಂತ ಜೋಪಾನ ಮಾಡಿದ್ಲು. ಕೇಸಲ್ಲಿ ಅದು ಅವಳ ವಿರುದ್ಧದ ಸಾಕ್ಷಿ ಆಯ್ತು. ಇಷ್ಟು ದಿನ ಏನ್ಮಾಡ್ತಿದ್ರಿ ಅನ್ನೋ ಪ್ರಶ್ನೆಗೆ ತಾರೀಖು ಸಮೇತ ಉತ್ತರ.

ಭಾಗ 6/9
ಫೋಟೋ: ಫೈಲುಗಳ ರಾಶಿ. ಯಾವ ಕಚೇರಿ ಅಂತ ಹೇಳಲ್ಲ, ಎಲ್ಲ ಕಡೆ ಹೀಗೇ ಇರುತ್ತೆ.

ಈಗ ಸರ್ಕಾರದ ಗಡಿಯಾರ. ನಾಲ್ಕು ಸಂಖ್ಯೆ ನೆನಪಿಡಿ: 4, 427, 663, 3,966.

4 ದಿನ. 1987, ಜಮ್ಮು ಕಾಶ್ಮೀರದ ಅನಂತನಾಗ್. ಭೂಸ್ವಾಧೀನದ ಕೇಸಲ್ಲಿ ಸರ್ಕಾರದ ಮೇಲ್ಮನವಿ 4 ದಿನ ತಡ. ಹೈಕೋರ್ಟ್ ವಜಾ ಮಾಡ್ತು. ಸುಪ್ರೀಂ ಕೋರ್ಟ್ ಅದನ್ನ ತಿರುಗಿಸಿ, ತಡದ ವಿಷಯದಲ್ಲಿ ಉದಾರವಾಗಿರಿ, ಕೇಸಿನ ಹುರುಳು ನೋಡಿ ಅಂತು. ಸರ್ಕಾರ ಅಂದ್ರೆ ಒಬ್ಬ ಮನುಷ್ಯ ಅಲ್ಲ, ಫೈಲು ಟೇಬಲ್‌ನಿಂದ ಟೇಬಲ್‌ಗೆ ಹೋಗಬೇಕು, ಅದನ್ನೂ ಅರ್ಥ ಮಾಡ್ಕೊಳ್ಳಿ ಅಂತು. ಕೇವಲ 4 ದಿನಕ್ಕೆ ಹೇಳಿದ ಈ ಮಾತನ್ನ ಮುಂದೆ ಎಲ್ಲ ಇಲಾಖೆಗಳೂ ನೂರಾರು ದಿನದ ತಡಕ್ಕೆ ಬಳಸಿಕೊಂಡವು.

427 ದಿನ. 2012, ಅಂಚೆ ಇಲಾಖೆ. ಈ ಸಲ ಸುಪ್ರೀಂ ಕೋರ್ಟ್ ಒಪ್ಪಲಿಲ್ಲ. ಇಷ್ಟೆಲ್ಲ ತಂತ್ರಜ್ಞಾನ ಬಂದ ಮೇಲೂ ಫೈಲು ಓಡಾಡೋದೇ ತಡ ಅನ್ನೋ ಹಳೇ ಸಬೂಬು ನಡೆಯಲ್ಲ, ಕಾಲಮಿತಿ ಸರ್ಕಾರಕ್ಕೂ ಅಷ್ಟೇ ಅಂತು.

663 ದಿನ. 2020, ಮಧ್ಯಪ್ರದೇಶ ಸರ್ಕಾರ. ಅರ್ಜಿ ವಜಾ, ಜೊತೆಗೆ 25,000 ರೂಪಾಯಿ ದಂಡ, ಅದನ್ನ ತಪ್ಪು ಮಾಡಿದ ಅಧಿಕಾರಿಗಳಿಂದ ವಸೂಲಿ ಮಾಡೋಕೆ ಸೂಚನೆ. ಇಲ್ಲಿ ಕೋರ್ಟು ಒಂದು ಒಳ್ಳೇ ಹೆಸರು ಕೊಡ್ತು: "ಸರ್ಟಿಫಿಕೇಟ್ ಕೇಸು". ಗೆಲ್ಲೋ ಉದ್ದೇಶವೇ ಇಲ್ಲ. ಸುಪ್ರೀಂ ಕೋರ್ಟೇ ವಜಾ ಮಾಡ್ತು, ನಾವೇನ್ ಮಾಡೋಣ ಅಂತ ಫೈಲಲ್ಲಿ ಬರೆದು ಮುಚ್ಚೋಕೆ ಒಂದು ಸರ್ಟಿಫಿಕೇಟ್ ಬೇಕು, ಅಷ್ಟೇ. ನಮ್ಮಲ್ಲಿ ಆಡಿಟ್‌ಗೆ ಒಂದು ವೋಚರ್ ಬೇಕು ಅಂತ ಮಾಡ್ತೀವಲ್ಲ, ಹಾಗೆ.

3,966 ದಿನ. ಇದು ನಮ್ಮದೇ ರಾಜ್ಯದ್ದು, ಕರ್ನಾಟಕ ಗೃಹ ಮಂಡಳಿಯ ಕೇಸು. ನೇಮಕಾತಿದಲ್ಲ, ಜಾಗದ್ದು. ಮೇಲ್ಮನವಿ ಹತ್ತು ವರ್ಷಕ್ಕಿಂತ ಹೆಚ್ಚು ತಡ. ಹೈಕೋರ್ಟ್ ಮನ್ನಾ ಮಾಡಿತ್ತು. 2025ರ ಸೆಪ್ಟೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಆ ಮನ್ನಾವನ್ನ ರದ್ದು ಮಾಡ್ತು.

ಅಂದ್ರೆ ಸುಪ್ರೀಂ ಕೋರ್ಟಿನ ಮಾತು ಬದಲಾಗ್ತಾ ಬಂದಿದೆ. ಆದ್ರೆ ಕೆಳಗೆ ಬದಲಾಗೋಕೆ ಸಮಯ ಹಿಡಿಯುತ್ತೆ ಅನ್ನೋಕೆ ಈ ಕೊನೇ ಕೇಸೇ ಸಾಕ್ಷಿ.

ಭಾಗ 7/9
ಫೋಟೋ: ಬೆಂಗಳೂರಿನ ಕೆಪಿಎಸ್‌ಸಿ ಕಚೇರಿ, ಉದ್ಯೋಗ ಸೌಧ.

ಅರ್ಜಿ ಹಾಕೋದು ತಡವಾದ್ರೆ ಒಂದು ಕಷ್ಟ. ಸರಿಯಾದ ಸಮಯಕ್ಕೆ ಕೇಸ್ ಹಾಕಿದ್ರೂ ತೀರ್ಪು ಬರೋದು ತಡವಾದ್ರೆ? ಅದಕ್ಕೆ ನಮ್ಮ ಕೆಪಿಎಸ್‌ಸಿ ಇತಿಹಾಸಕ್ಕಿಂತ ದೊಡ್ಡ ಪಾಠ ಬೇಡ.

1998ರಲ್ಲಿ 383 ಗೆಜೆಟೆಡ್ ಪ್ರೊಬೇಷನರಿ ಹುದ್ದೆಗೆ ಅಧಿಸೂಚನೆ ಬಂತು. ಆಯ್ಕೆಯಲ್ಲಿ ಅಕ್ರಮ ಆಗಿದೆ ಅಂತ ತಕರಾರು ಎದ್ದವು. 1998, 1999, 2004ರ ನೇಮಕಾತಿಗಳ ಬಗ್ಗೆ ಹೈಕೋರ್ಟ್ ತೀರ್ಪು ಬಂದಿದ್ದು 2016ರ ಜೂನ್‌ನಲ್ಲಿ. ಅಕ್ರಮ ಆಗಿರೋದು ನಿಜ ಅಂತು, 1998ರ ಪಟ್ಟಿ ಸರಿಪಡಿಸೋಕೆ ಹೇಳ್ತು. ಅಷ್ಟೊತ್ತಿಗೆ ಆ ಪಟ್ಟಿಯಿಂದ ಬಂದವರಲ್ಲಿ ಕೆಲವರು ಬಡ್ತಿ ಪಡೆದು ಐಎಎಸ್ ಮಟ್ಟಕ್ಕೆ ಹೋಗಿದ್ರು. ಪರಿಷ್ಕೃತ ಪಟ್ಟಿ ಬಂದಾಗ ಅಧಿಸೂಚನೆಗೆ 20 ವರ್ಷ ದಾಟಿತ್ತು. ಆಗ ಹೊಸದಾಗಿ ಆಯ್ಕೆಗೆ ಅರ್ಹರಾದವರ ವಯಸ್ಸನ್ನ ಲೆಕ್ಕ ಹಾಕಿ ನೋಡಿ.

2011ರ ಬ್ಯಾಚ್ 362 ಹುದ್ದೆದು. ದೂರು ಬಂತು, ಸಿಐಡಿ ತನಿಖೆ ಆಯ್ತು, 2014ರ ಆಗಸ್ಟ್‌ನಲ್ಲಿ ಸರ್ಕಾರ ನೇಮಕಾತಿಯನ್ನೇ ಕೈಬಿಡ್ತು. ಆಯ್ಕೆಯಾದವರು ಕೆಎಟಿಗೆ ಹೋದ್ರು. 2016ರ ಅಕ್ಟೋಬರ್‌ನಲ್ಲಿ ಅಲ್ಲಿ ಗೆದ್ರು. ಆ ತೀರ್ಪಿನ ವಿರುದ್ಧ ಹೈಕೋರ್ಟಿಗೆ ಅರ್ಜಿಗಳು ಹೋದವು. 2018ರ ಮಾರ್ಚ್‌ನಲ್ಲಿ ಹೈಕೋರ್ಟ್ ಕೆಎಟಿ ತೀರ್ಪನ್ನ ರದ್ದು ಮಾಡ್ತು. ಸುಪ್ರೀಂ ಕೋರ್ಟಲ್ಲೂ ಅದೇ ಉಳೀತು. ಮುಗೀತು ಅಂದ್ಕೊಂಡ್ರೆ, 2022ರಲ್ಲಿ ವಿಧಾನಮಂಡಲ ಒಂದು ಕಾಯ್ದೆ ಮಾಡಿ ಆ ಆಯ್ಕೆಯನ್ನ ಊರ್ಜಿತಗೊಳಿಸ್ತು. ಒಟ್ಟು 11 ವರ್ಷ. ತಪ್ಪು ಮಾಡದೇ ಪಾಸಾದವರೂ 11 ವರ್ಷ ಕಾದ್ರು. ಅನ್ಯಾಯ ಆಗಿದೆ ಅಂತ ಹೋರಾಡಿದವರಿಗೆ ಕೋರ್ಟಲ್ಲಿ ಗೆದ್ದ ಮೇಲೂ ಕೈಗೆ ಏನು ಬಂತು?

ಬೇಗ ಮುಗಿದ ಉದಾಹರಣೆ ಅಂದ್ರೆ ಪಿಎಸ್‌ಐ. 545 ಹುದ್ದೆ, 2021ರ ಅಕ್ಟೋಬರ್‌ನಲ್ಲಿ ಪರೀಕ್ಷೆ, 2022ರ ಏಪ್ರಿಲ್‌ನಲ್ಲಿ ರದ್ದು, 2023ರ ನವೆಂಬರ್‌ನಲ್ಲಿ ಹೈಕೋರ್ಟ್ ತೀರ್ಪು, 2024ರ ಜನವರಿಯಲ್ಲಿ ಮರುಪರೀಕ್ಷೆ. ಬೇಗ ಅಂದ್ರೂ ಎರಡು ವರ್ಷದ ಮೇಲೆ.

ಭಾಗ 8/9
ಫೋಟೋ: ಲೈಬ್ರರಿ ಎದುರಿನ ಟೀ ಅಂಗಡಿ. ಇಲ್ಲಿ ಕೂರೋ ಅಣ್ಣಂದಿರಲ್ಲಿ ಕೆಲವರಿಗೆ ಕೂದಲು ಬೆಳ್ಳಗಾಗಿದೆ.

ಗೆಜೆಟೆಡ್ ಪ್ರೊಬೇಷನರಿಗೆ ಸಾಮಾನ್ಯವಾಗಿ ಇದ್ದ ಗರಿಷ್ಠ ವಯಸ್ಸು ಸಾಮಾನ್ಯ ವರ್ಗಕ್ಕೆ 35, ಹಿಂದುಳಿದ ವರ್ಗಗಳಿಗೆ 38, ಪರಿಶಿಷ್ಟರಿಗೆ 40. ಆಗಾಗ ಸಡಿಲಿಕೆ ಕೊಡ್ತಾರೆ, ಅದೂ ಪ್ರತಿಭಟನೆ ಮಾಡಿದ ಮೇಲೆ.

ನಮಗೆ ಅಕೌಂಟ್ಸಲ್ಲಿ ಮೊದಲ ದಿನ ಕಲಿಸಿದ್ದು, ಖರ್ಚು ಅಂತ ಆದ್ಮೇಲೆ ಯಾರದ್ದೋ ಖಾತೆಗೆ ಹೋಗಲೇಬೇಕು ಅಂತ. ತಡ ಅನ್ನೋದೂ ಖರ್ಚೇ. ಇಲಾಖೆ 427 ದಿನ ತಡ ಮಾಡಿದ್ರೆ ಇಲಾಖೆಗೆ ವಯಸ್ಸಾಗಲ್ಲ. ಅದರ ವಕೀಲರ ಫೀಸು ಬೊಕ್ಕಸದಿಂದ ಹೋಗುತ್ತೆ. ಫೈಲು ಇಟ್ಕೊಂಡ ಅಧಿಕಾರಿ ಅಷ್ಟೊತ್ತಿಗೆ ಬೇರೆ ಜಿಲ್ಲೆಗೆ ವರ್ಗ ಆಗಿರ್ತಾರೆ. ಕೇಸು ಗೆದ್ದು ಆದೇಶ ಕೈಯಲ್ಲಿ ಹಿಡ್ಕೊಂಡಿರೋ ಅಭ್ಯರ್ಥಿಗೆ ಮಾತ್ರ ಆ 427 ದಿನವೂ ವಯಸ್ಸಿಗೆ ಸೇರುತ್ತೆ. ಅವನ ಸೀನಿಯಾರಿಟಿ, ಸಂಬಳ, ಮದುವೆ ಮಾತುಕತೆ, ಎಲ್ಲಾ ಅಲ್ಲೇ ನಿಂತಿರುತ್ತೆ.

ಇಷ್ಟು ಓದಿದ ಮೇಲೆ ನನಗೆ ಅನ್ಸಿದ್ದು ಇದು. ತಡದ ನಿಯಮ ಇರಲಿ. ಆದ್ರೆ ತಡವನ್ನ ತಡ್ಕೊಳ್ಳೋ ಶಕ್ತಿ ಯಾರಿಗೆ ಕಡಿಮೆಯೋ ಅವರಿಗೇ ನಿಯಮ ಬಿಗಿ, ಲಾ ಸೆಲ್ಲು, ವಕೀಲರು, ಸಂಬಳದ ಸಿಬ್ಬಂದಿ ಎಲ್ಲಾ ಇರೋ ಇಲಾಖೆಗೇ ಸಡಿಲ ಅಂದ್ರೆ ಅದು ತಲೆಕೆಳಗು. 2012ರಿಂದ ಸುಪ್ರೀಂ ಕೋರ್ಟ್ ಹೇಳ್ತಿರೋದೂ ಹೆಚ್ಚುಕಮ್ಮಿ ಇದೇ ದಿಕ್ಕಲ್ಲಿದೆ. ಅಕ್ಕನ ಕಾಲಕ್ಕೆ ಅದು ಅವಳ ತನಕ ಬರ್ಲಿಲ್ಲ.

ಭಾಗ 9/9
ಫೋಟೋ: ಅಕ್ಕ, ಈಗ. ಮುಖ ತೋರಿಸಬೇಡ ಅಂದಿದ್ದಕ್ಕೆ ಬರೀ ಕೈ ಮತ್ತು ಕ್ಯಾಲ್ಕುಲೇಟರ್.

ಕೊನೇ ಪೋಸ್ಟ್. ಸೇವ್ ಮಾಡಿಟ್ಕೊಳ್ಳಿ, ಓದ್ತಿರೋ ಫ್ರೆಂಡ್ಸ್‌ಗೆ ಕಳಿಸಿ.

ಒಂದು, ಪಟ್ಟಿ ಅಥವಾ ತಿರಸ್ಕಾರದ ಆದೇಶ ಬಂದ ತಾರೀಖನ್ನ ಕ್ಯಾಲೆಂಡರಲ್ಲಿ ಗುರುತು ಮಾಡಿ. 1 ವರ್ಷ ಇದೆ ಅಂತ ಕೊನೇ ತಿಂಗಳ ತನಕ ಕಾಯಬೇಡಿ. ಬೇರೆಯವರು ಕೆಲಸಕ್ಕೆ ಸೇರೋ ಮೊದಲೇ ಹೋದ್ರೆ ಕೋರ್ಟಿಗೂ ಸುಲಭ, ನಿಮಗೂ ಸುಲಭ.

ಎರಡು, ಆಕ್ಷೇಪಣೆಗೆ ದಿನ ಕೊಟ್ಟಿದ್ರೆ ಆ ದಿನದೊಳಗೆ ಹಾಕಿ. ಮನವಿ ಒಂದು ಸಲ ಕೊಡಿ, ಸ್ವೀಕೃತಿ ತಗೊಳ್ಳಿ. ಎರಡನೇದು ಕೊಡೋ ಮೊದಲು ಲಾಯರ್ ನೋಡಿ.

ಮೂರು, "ಅವರು ಗೆದ್ರೆ ನಮಗೂ ಆಗುತ್ತೆ" ಅಂತ ಕೂರಬೇಡಿ. ಒಂದೇ ಸಮಸ್ಯೆ ಇರೋರು ಸೇರಿ ಒಬ್ರೇ ಲಾಯರ್ ಹಿಡಿದ್ರೆ ಖರ್ಚು ಹಂಚಿಕೊಳ್ಳಬಹುದು.

ನಾಲ್ಕು, ತೀರ್ಪು ಬಂದ ದಿನವೇ ದೃಢೀಕೃತ ನಕಲಿಗೆ ಅರ್ಜಿ ಹಾಕಿ. ಹೈಕೋರ್ಟ್ ತೀರ್ಪಿನ ಮೇಲೆ ಸುಪ್ರೀಂ ಕೋರ್ಟಿಗೆ ವಿಶೇಷ ಅನುಮತಿ ಅರ್ಜಿ ಹಾಕೋಕೆ ಸಾಮಾನ್ಯವಾಗಿ 90 ದಿನ.

ಐದು, ದುಡ್ಡಿಲ್ಲ ಅಂತ ಬಿಡಬೇಡಿ. ಹೆಣ್ಣುಮಕ್ಕಳಿಗೆ, ಪರಿಶಿಷ್ಟ ಜಾತಿ ಪಂಗಡದವರಿಗೆ, ಅಂಗವಿಕಲರಿಗೆ ಆದಾಯ ಎಷ್ಟೇ ಇದ್ರೂ ಉಚಿತ ಕಾನೂನು ನೆರವು ಸಿಗುತ್ತೆ. 1987ರ ಕಾಯ್ದೆಯಲ್ಲೇ ಇದೆ. ಜಿಲ್ಲಾ ಕೋರ್ಟಿನ ಆವರಣದಲ್ಲಿ ಕಾನೂನು ಸೇವಾ ಪ್ರಾಧಿಕಾರ ಇರುತ್ತೆ. ಸಹಾಯವಾಣಿ 15100.

ಐದನೇದನ್ನ ಅಕ್ಕಂಗೆ ಓದಿ ಹೇಳಿದೆ. ಅವಳೀಗ ನಮ್ಮೂರಲ್ಲಿ ಒಬ್ಬ ತೆರಿಗೆ ಸಲಹೆಗಾರರ ಹತ್ರ ಲೆಕ್ಕ ಬರೀತಾಳೆ, ಜಿಎಸ್‌ಟಿ ರಿಟರ್ನ್ಸ್ ಹಾಕ್ತಾಳೆ. ತಡವಾದ್ರೆ ದಿನಕ್ಕೆ ಇಷ್ಟು ಅಂತ ಲೇಟ್ ಫೀ ಬೀಳುತ್ತಲ್ಲ, ಅವಳ ಕೈಯಲ್ಲಿ ಒಂದು ರಿಟರ್ನ್ ಕೂಡ ತಡ ಆಗಲ್ಲ.

"ಹೆಣ್ಣುಮಕ್ಕಳಿಗೆ ಫ್ರೀ ಅಂತ ಆಗ ಯಾರೂ ಹೇಳ್ಲಿಲ್ವಲ್ಲೋ" ಅಂದ್ಲು. ಸ್ವಲ್ಪ ಹೊತ್ತು ಸುಮ್ನಿದ್ದು, "ಬರೀ, ಚೆನ್ನಾಗಿ ಬರೀ, ಫೈಲಿನ ಫೋಟೋನೂ ಹಾಕು" ಅಂದ್ಲು.

ಹಾಕಿದ್ದೀನಿ. ನಿಮ್ಮ ಮನೇಲೂ ಇಂಥ ಫೈಲ್ ಇದ್ರೆ ಕಾಮೆಂಟಲ್ಲಿ ಹೇಳಿ. ಹೆಸರು, ನಂಬರ್ ಹಾಕಬೇಡಿ.

#ನೇಮಕಾತಿ #ಕೆಎಟಿ #ಸ್ಪರ್ಧಾತ್ಮಕಪರೀಕ್ಷೆ #ಕಾಲಮಿತಿ #ಬಿಕಾಂಹುಡುಗನಇತಿಹಾಸ